ಒಂದು ಮೂಗಿನಷ್ಟು

ಮೊದಲ ಸಲ ಗುಲಾಬಿ ಕಂಟಿಯ ಬುಡದಲ್ಲಿ ನುಸುಳಿತು.
ಎರಡನೆಯ ಸಲ ಗೇಟಿನ ಅಗುಳಿ ಎತ್ತಿ,
ನೆಂಟರು ಹೊರಟ ಹಾಗೆ, ನೆಟ್ಟಗೆ.
ಮೂರನೆಯದು ನಮಗೆ ಗೊತ್ತೇ ಆಗಲಿಲ್ಲ.
ಅಂಚೆಯ ಹುಡುಗಿ ಕೆಂಪು ವ್ಯಾನಿನ ಮುಂದಿನ ಸೀಟಿನಲ್ಲಿ
ಕೂರಿಸಿಕೊಂಡು ತಂದಳು,
"ನಿಮಗೊಂದು ಪಾರ್ಸೆಲ್" ಎಂದಳು.
ನಕ್ಕೆವು.

ನಾಲ್ಕನೆಯ ಸಲ ಯಾರೂ ನಗಲಿಲ್ಲ.
ಗ್ವೆನ್ಲಿಯನ್ ಬಾಗಿಲಲ್ಲೇ ನಿಂತಳು,
ಬೂಟಿನ ಕೆಸರು ಒಳಗೆ ಬೇಡವೆಂದು.
ಟೆಗ್‌ನ ಕೊರಳಪಟ್ಟಿ ಅವಳ ಮುಷ್ಟಿಯಲ್ಲಿ.
"ನನ್ನ ಕುರಿಗಳೆಲ್ಲ ಗಬ್ಬವಾಗಿವೆ.
ಕಚ್ಚಬೇಕಂತಲೇ ಇಲ್ಲ, ಬೆದರಿ ಓಡಿದರೂ ಸಾಕು,
ಕಂದು ಹಾಕುತ್ತವೆ."
ಆಮೇಲೆ, ನನ್ನ ಕಣ್ಣು ತಪ್ಪಿಸಿ,
"ಮನೆಯಲ್ಲಿ ಬಂದೂಕಿದೆ, ಮಾರ್ಗೆಡ್.
ನನ್ನ ಕೈಲಿ ಅದನ್ನು ಎತ್ತಿಸಬೇಡ."

ಅಂದಿನಿಂದ ಇಥೆಲ್
ಹೊಟ್ಟೆಯ ಮೇಲೆ ಮಲಗಿ ತೋಟ ನೋಡತೊಡಗಿದ.
ನಾಯಿಯೆತ್ತರದಿಂದ ನೋಡಿದರೆ
ಇದು ತೋಟವೇ ಅಲ್ಲ, ಬರೀ ಬಾಗಿಲುಗಳು, ಎಂದ.
ಬೇಲಿಯುದ್ದಕ್ಕೂ ಮೊಣಕಾಲಾಳ ಕಾಲುವೆ ತೋಡಿ
ಕೋಳಿಬಲೆ ಹೂತ. ಮೇಲೆ ಸ್ಲೇಟುಕಲ್ಲು
(ವೇಲ್ಸಿನ ಈ ಕಣಿವೆಯಲ್ಲಿ ಕಲ್ಲಿಗೇನು ಬರ).
ಗೇಟಿಗೆ ಇನ್ನೊಂದು ಅಗುಳಿ, ಅಗುಳಿಗೊಂದು ಬೀಗ,
ಬೀಗಕ್ಕೆ, ನನಗೆ ಎಂದೂ ಸಿಗದ ಬೀಗದ ಕೈ.
ಒಂದು ಸಂಜೆ ಹಾಲಿನ ಬಾಟಲಿ ಹಿಡಿದು
ನನ್ನದೇ ಮನೆಯ ಹೊರಗೆ ನಿಂತಿದ್ದೆ.
ಒಳಗಿನಿಂದ ಟೆಗ್ ನೋಡಿತು,
ಕನಿಕರದಿಂದ.

ಮರುದಿನ ಮತ್ತೆ ನಾಪತ್ತೆ.

ಬೀಗ ಇದ್ದ ಹಾಗೇ. ಬಲೆ ಇದ್ದ ಹಾಗೇ.
ಇಥೆಲ್ ಒಂದೊಂದೇ ಗೂಟ ಅಲುಗಿಸಿ ನೋಡಿದ,
ಹಲ್ಲಿನ ಡಾಕ್ಟರ ಹಾಗೆ, ಮಾತಿಲ್ಲದೆ.
ಗುಡ್ಡದ ಕಡೆ ಕಿವಿಗೊಟ್ಟು ನಾನು
ಒಂದೇ ತಟ್ಟೆಯನ್ನು ಮೂರು ಸಲ ತೊಳೆದೆ.
ಕತ್ತಲಾಗುವಾಗ ಬಂತು, ಬಾಲದ ತುಂಬ ಒಣ ಜರಿಗಿಡ,
ಹಸಿದು, ಯಾವ ತಪ್ಪೂ ಮಾಡದವರ ಮುಖದಲ್ಲಿ.

ಆ ರಾತ್ರಿ ದೀಪವಾರಿಸಿ ಕಿಟಕಿಯಲ್ಲಿ ಕಾದೆವು.
ಬೆಳದಿಂಗಳಲ್ಲಿ ಟೆಗ್ ಆಕಳಿಸಿತು, ಮೈಮುರಿಯಿತು,
ಷೆಡ್ಡಿನ ಹಿಂದೆ ಮಣ್ಣಗುಪ್ಪೆಯನ್ನು
ಅವಸರವಿಲ್ಲದೆ ಏರಿತು.
ಕಾಲುವೆಯ ಮಣ್ಣು.
ಇಥೆಲ್ ತಾನೇ ಅಗೆದು, ತಾನೇ ತಂದು
ಬೇಲಿಗೊತ್ತಿ ರಾಶಿ ಹಾಕಿದ್ದ ಮಣ್ಣು.
ಕಿಟಕಿ ತೆರೆದು ಹೆಸರು ಕೂಗಿದೆ.
ಜಿಗಿಯಲಿದ್ದದ್ದು ತಿರುಗಿ ನೋಡಿ,
ಅಲ್ಲೇ, ತುದಿಯಲ್ಲೇ, ಕೂತಿತು.

ಬೇಲಿಯೇ ಎದ್ದು ಹೊಲ ಮೇಯ್ದದ್ದು ಹಳೇ ಮಾತು.
ನಮ್ಮಲ್ಲಿ ಬೇಲಿ ಬಗ್ಗಿ ಬೆನ್ನು ಕೊಟ್ಟಿತ್ತು.

ನಾಲ್ಕು ದಿನ ತಳ್ಳುಗಾಡಿಯಲ್ಲಿ ಮಣ್ಣು ಸಾಗಿಸಿದೆವು,
ಗ್ವೆನ್ಲಿಯನ್‌ಳ ಗೇಟಿನ ಮುಂದಿನ ಹೊಂಡಕ್ಕೆ.
ಅವಳು ಚಹಾ ಕೊಡಲಿಲ್ಲ. ಬೇಡವೆನ್ನಲೂ ಇಲ್ಲ.
ಕೊನೆಯ ಸಂಜೆ ಇಥೆಲ್ ಡ್ರಿಲ್ ಹಿಡಿದು
ರಸ್ತೆಯ ಕಡೆಯ ಹಲಗೆಗೆ ಒಂದು ತೂತು ಕೊರೆದ,
ಮೂಗಿನೆತ್ತರಕ್ಕೆ, ಒಂದು ಮೂಗಿನಷ್ಟು.
"ಗಾಳಿಗೆ" ಎಂದ,
ನಾನು ಕೇಳಿರಲೇ ಇಲ್ಲ.

ಈಗ ಕುರಿಗಳು ಮರಿ ಹಾಕುವ ಕಾಲ,
ಗುಡ್ಡದ ತುಂಬ ಎಳೆಯ ದನಿ.
ಟೆಗ್ ಇಡೀ ದಿನ ಆ ತೂತಿನ ಹತ್ತಿರ;
ಹಾಲು, ಉಣ್ಣೆ, ನೆತ್ತರು, ಡೀಸೆಲ್,
ಎಲ್ಲವೂ ಅಲ್ಲಿಂದಲೇ ಅದಕ್ಕೆ ವರದಿಯಾಗುತ್ತವೆ.
ನಿನ್ನೆ ಗ್ವೆನ್ಲಿಯನ್ ರಸ್ತೆಯಲ್ಲಿ ನಿಂತಳು,
ಕಂಕುಳಲ್ಲೊಂದು ತಬ್ಬಲಿ ಮರಿ.
ಹಲ್ಲಿನಿಂದ ಗ್ಲೌಸು ಎಳೆದು ತೆಗೆದು
ಒಂದು ಬೆರಳನ್ನು
ಆ ಒದ್ದೆ ಮೂಗಿಗೆ ತಾಗಿಸಿದಳು.

ಹೊರಗೆ ಹೋಗಿ ಕರೆಯೋಣವೆಂದುಕೊಂಡೆ.
ಬೀಗದ ಕೈ ಸಿಗಲಿಲ್ಲ.