ಹನ್ನೆರಡು ವರ್ಷಕ್ಕೆ ಒಂಬತ್ತು ದಿನ ಕಮ್ಮಿ

ಅಪ್ಪ ಗೆದ್ದ ಡಿಕ್ರಿ ಸಿಕ್ಕಿದ್ದು
ಅವ್ವನ ಟ್ರಂಕಿನ ತಳದಲ್ಲಿ, ಮೂಗುದಾರದ ಕಟ್ಟಿನ ಕೆಳಗೆ.
ಕೋರ್ಟಿನ ಗುಂಡು ಮೊಹರು,
ಮಂಡ್ಯ ಪೇಟೆಬೀದಿಯ ಹತ್ತಡಿ ಹಗ್ಗದಂಗಡಿ,
ಪೂರ್ವಕ್ಕೆ ಚರಂಡಿ, ಪಶ್ಚಿಮಕ್ಕೆ ಶೆಟ್ಟರ ಗೋಡೆ.
ಸ್ವಾಧೀನ ಬಿಟ್ಟುಕೊಡತಕ್ಕದ್ದು, ಎಂದು ಒಂದು ಸಾಲು.
ಬಿಟ್ಟುಕೊಟ್ಟವರು ಯಾರೂ ಇಲ್ಲ.

ಒಂದು ಸಲ ಅಮಲ್ಜಾರಿಗೆ ಹಾಕಿದ್ದನಂತೆ.
ಅಮೀನ ಬಂದನಂತೆ, ಬೀಗ ನೋಡಿದನಂತೆ,
ಎದುರು ಹೋಟೆಲಲ್ಲಿ ಕಾಫಿ ಕುಡಿದು ಹೋದನಂತೆ.
ಆಮೇಲೆ ಕೆಮ್ಮು. ವಾಯಿದೆಗೆ ಹೋಗಲಿಲ್ಲ,
ಅರ್ಜಿ ವಜಾ ಆಯಿತು.
ಆಮೇಲೆ ಅಪ್ಪನೂ.

ವಕೀಲರ ಗುಮಾಸ್ತ ನಂಜುಂಡಾರಾಧ್ಯ
ಎಲೆಯಡಿಕೆ ಒಂದು ದವಡೆಗೆ ಸರಿಸಿ ಬೆರಳು ಮಡಚಿದ:
"ಸತ್ತವರಿಗೆ ತಿಥಿ ತಾಯಿ, ಡಿಕ್ರಿಗೆ ಮಿತಿ.
ತಿಥಿ ವರ್ಷವರ್ಷ ಬರುತ್ತೆ, ಇದು ಒಂದೇ ಸಲ.
ಹನ್ನೆರಡು ವರ್ಷ, ಡಿಕ್ರಿಯ ದಿನದಿಂದ.
ಗೆದ್ದವನು ಸತ್ತ ಅಂತ ಲೆಕ್ಕ ನಿಲ್ಲಲ್ಲ,
ವಾರಸುದಾರರ ಕೈಗೆ ಹೊಸದಾಗಿ ಶುರುವಾಗಲ್ಲ.
ಇನ್ನು ಒಂಬತ್ತು ದಿನ."

ನಮ್ಮಲ್ಲಿ ಸೂತಕವೇ ಹನ್ನೊಂದು ದಿನ.

ವಂಶವೃಕ್ಷ ಬರೆಸಲು ನಾಡಕಚೇರಿಗೆ ಹೋದೆ.
"ಮೊದಲನೇ ಹೆಂಡತಿ ಕಡೆಯವರು?" ಕೇಳಿದ ಲೆಕ್ಕಿಗ.
ಯಾರ ಮೊದಲನೇ ಹೆಂಡತಿ ಅಂದೆ.
ಸಾಕ್ಷಿಗೆ ಬಂದಿದ್ದ ಮಂಚೇಗೌಡ ನೆಲ ನೋಡಿದ.
"ಇದಾಳಲ್ಲವ್ವ ಪಾಂಡವಪುರದಲ್ಲಿ, ಚಿಕ್ಕತಾಯಮ್ಮ."
ನಲವತ್ತೊಂದು ವರ್ಷ ನಾನೇ ಹಿರೇಮಗಳು.
ನನಗಿಂತ ಮೇಲೊಂದು ಕೊಂಬೆ ಮೂಡಿತು, ನೀಲಿ ಇಂಕಿನಲ್ಲಿ.

ಒಬ್ಬರು ಹಾಕಿದರೂ ನಡೆಯುತ್ತೆ, ಅಂದ ಗುಮಾಸ್ತ,
ಎಲ್ಲರ ಪರವಾಗಿ ಅಂತ ಬರೆದರೆ ಸಾಕು.
ಆ ಎರಡು ಮಾತು ಗಂಟಲಲ್ಲಿ ನಿಂತವು
ಹುಣಸೆಯ ನಾರಿನ ಹಾಗೆ.

ಮೂರು ದಿನ ಉಳಿದಾಗ ಪಾಂಡವಪುರದ ಬಸ್ಸು ಹತ್ತಿದೆ.
ಹಿತ್ತಲಲ್ಲಿ ಪಾತ್ರೆ ಉಜ್ಜುತ್ತಿದ್ದಳು.
ಅಪ್ಪನದೇ ಮೂಗು. ಮಾತಿಗೆ ಮೊದಲು
ಅಪ್ಪನ ಹಾಗೇ ಒಂದು ಕೆಮ್ಮು.
ಡಿಕ್ರಿ ಓದಿ ಹೇಳಿದೆ. ಚರಂಡಿ ಬಂದಾಗ ಅವಳ ಕೈ ನಿಂತಿತು.
"ಅದಕ್ಕೆ ಬಿದ್ದಿದ್ದೆ ನಾನು. ಆವತ್ತಿಂದ
ಸೊಂಟಕ್ಕೆ ಹಗ್ಗ ಹಾಕಿ ಕಂಬಕ್ಕೆ ಕಟ್ಟಿ ವ್ಯಾಪಾರ ಮಾಡೋನು.
ಏನು ಗಂಟು ಕಣೆ ಅದು! ಯಾರಿಗೂ ಬಿಚ್ಚಕ್ಕಾಗ್ತಿರಲಿಲ್ಲ."
ಸ್ವಲ್ಪ ಹೊತ್ತು ಬಿಟ್ಟು,
"ಅವನೇ ಬಿಚ್ಚಿದ."

ಎಷ್ಟು ವರ್ಷ ದಾರಿ ನೋಡಿದೆ ಎಂದು ಕೇಳಬೇಕಿತ್ತು.
ಕೇಳಲಿಲ್ಲ. ಅದರ ಮಿತಿ
ಯಾವ ಗುಮಾಸ್ತನಿಗೂ ಗೊತ್ತಿರಲಾರದು.

ಸಹಿ ಬರಲ್ಲ ಅಂದಳು. ಬೂದಿ ತೊಳೆದು, ಸೆರಗಿಗೆ ಒರೆಸಿ
ಹೆಬ್ಬೆಟ್ಟು ಒತ್ತಿದಳು, ಕಾಗದ ತೂತಾಗುವ ಹಾಗೆ.
ಪಾಲು ಎಷ್ಟು ಎಂದು ಕೇಳಲಿಲ್ಲ.
ಆ ಕಂಬ ಇನ್ನೂ ಇದೆಯಾ, ಅಂದಳು.

ಒಂಬತ್ತನೆಯ ದಿನ ಭಾನುವಾರ.
ಕೋರ್ಟು ಮುಚ್ಚಿದ ದಿನ ಮಿತಿ ಮುಗಿದರೆ
ತೆರೆದ ದಿನ ಕೊಡಬಹುದಂತೆ.
ಕಾನೂನಿಗೂ ಅಷ್ಟು ಕರುಳಿದೆ.

ಸೋಮವಾರ ಶಿರಸ್ತೇದಾರರು ಕ್ಯಾಲೆಂಡರ್ ಮಗುಚಿ
ಎರಡೆರಡು ಸಲ ಎಣಿಸಿದರು. ಮೊಹರು ಬಿತ್ತು.
ಒಂದನೇ ಅರ್ಜಿದಾರಳು ಚಿಕ್ಕತಾಯಮ್ಮ, ಎಂದು ಓದಿ
ಕನ್ನಡಕದ ಮೇಲಿಂದ ನೋಡಿದರು.
"ಎರಡನೆಯವಳು, ಹೊಂಬಾಳಮ್ಮ?"

ನಾನೇ, ಅಂದೆ. ಎರಡನೆಯವಳು.