ಅಸಲಿಗೆ

ಬೋರ್ಡಿನಲ್ಲಿ ನನ್ನ ಹೆಸರೇ ಇತ್ತು:
ಸುಲಭ ಕಂತುಗಳಲ್ಲಿ ಸ್ವಂತ ಮನೆ.
ಮ್ಯಾನೇಜರು ಅರ್ಜಿ ಓದಿ ನಕ್ಕರು,
"ಸುಲಭಾ ತಾಂಡೇಲ! ನಿಮಗೆ ಇಲ್ಲ ಅನ್ನಲಾದೀತೇ?"
ನಾನೂ ನಕ್ಕೆ. ಇಪ್ಪತ್ತೇಳು ಕಡೆ ಸಹಿ ಹಾಕುವಾಗಲೂ
ನಗುತ್ತಲೇ ಇದ್ದೆ.

ಹದಿನೆಂಟು ಲಕ್ಷ. ಇಪ್ಪತ್ತು ವರ್ಷ. ನೂರಕ್ಕೆ ಒಂಬತ್ತು.
ತಿಂಗಳಿಗೆ ಹದಿನಾರು ಸಾವಿರದ ನೂರಾ ತೊಂಬತ್ತೈದು.
ಕೋಡಿಬಾಗದ ಓಣಿಯಲ್ಲಿ ಆರುನೂರು ಚದರಡಿ;
ಹಿತ್ತಲಲ್ಲಿ ನಿಂತರೆ ಕಾಳಿ ಸೇತುವೆಯ ಒಂದು ಕಂಬ ಕಾಣುತ್ತದೆ.
ಒಂದೇ.

ಬೈತಖೋಲದ ಐಸ್ ಪ್ಲಾಂಟಿನಲ್ಲಿ ಲೆಕ್ಕ ಬರೆಯುವವಳು ನಾನು.
ಕರಗುವುದರ ಲೆಕ್ಕ ನನಗೆ ಹೊಸತಲ್ಲ:
ಐವತ್ತು ಕಿಲೋ ಗಡ್ಡೆ ಇಲ್ಲಿಂದ ಹೊರಟು
ಗೋಣಿ ಹೊದ್ದು, ಧಕ್ಕೆ ದಾಟಿ, ಬಂಗಡೆಯ ಕ್ರೇಟು ಮುಟ್ಟುವಾಗ
ನಲವತ್ತು. ಬಿಲ್ಲು ಐವತ್ತಕ್ಕೇ.
ಯಾರೂ ಜಗಳ ತೆಗೆಯುವುದಿಲ್ಲ,
ಐಸಿಲ್ಲದಿದ್ದರೆ ಮೀನೂ ಇಲ್ಲ.

ಆದರೂ ಆ ಉದ್ದದ ಹಾಳೆ,
ಇನ್ನೂರಾ ನಲವತ್ತು ಸಾಲಿನದು,
ಐದು ವರ್ಷ ಕಪಾಟಿನಲ್ಲಿ ಗ್ಯಾಸಿನ ಪುಸ್ತಕದಡಿ ಮಡಿಚಿ ಬಿದ್ದಿತ್ತು.
ದಿನವಿಡೀ ಪರರ ಲೆಕ್ಕ ಬರೆದವಳಿಗೆ
ಮನೆಗೆ ಬಂದು ತನ್ನದನ್ನು ಓದುವ ಧೈರ್ಯ ಇರಲಿಲ್ಲ.

ಓದಿಸಿದ್ದು ಒಂದು ಮೆಸೇಜು:
"ಬಡ್ಡಿದರ ಪರಿಷ್ಕರಣೆ. ನಿಮ್ಮ ಕಂತಿನಲ್ಲಿ ಬದಲಾವಣೆ ಇರುವುದಿಲ್ಲ."
"ಏರಲಿಲ್ಲವಲ್ಲ, ಸಾಕು" ಅಂದರು ನಮ್ಮವರು, ಚಹಾ ಹೀರುತ್ತ.
ನಾನು ಹಾಳೆ ಬಿಡಿಸಿದೆ.

ಮೊದಲ ತಿಂಗಳು: ಬಡ್ಡಿ ಹದಿಮೂರು ಸಾವಿರದ ಐನೂರು,
ಅಸಲು ಎರಡು ಸಾವಿರದ ಆರುನೂರಾ ತೊಂಬತ್ತೈದು.
ಚಿರೆಕಲ್ಲಿನಲ್ಲಿ ಎಣಿಸಿದೆ, ಕಲ್ಲಿಗೆ ಐವತ್ತರಂತೆ:
ನಮ್ಮ ಗೋಡೆಗೆ ಐವತ್ತನಾಲ್ಕು ಕಲ್ಲು,
ಇನ್ನೂರಾ ಎಪ್ಪತ್ತು
ನಾನು ಒಮ್ಮೆಯೂ ಕಾಣದ ಇನ್ನೊಂದು ಗೋಡೆಗೆ.
ಕೊನೆಯ ಮೊತ್ತ ಮೂವತ್ತೆಂಟು ಲಕ್ಷ ಎಂಬತ್ತಾರು ಸಾವಿರ.
ಎರಡು ಮನೆ ಕೊಂಡಿದ್ದೇವೆ,
ಒಂದರಲ್ಲಿ ಇದ್ದೇವೆ.

ಈವರೆಗೆ ಕಟ್ಟಿದ್ದು ಒಂಬತ್ತು ಲಕ್ಷ ಎಪ್ಪತ್ತೊಂದು ಸಾವಿರ,
ತೀರಿದ್ದು ಎರಡು ಲಕ್ಷದ ಮೂರು ಸಾವಿರ.
ಎದ್ದು ಟೇಪು ತಂದೆ.
ನಮ್ಮದಾದದ್ದು ಅರವತ್ತೆಂಟು ಚದರಡಿ:
ಅಡುಗೆಮನೆ, ಅದರಲ್ಲೂ ಸಿಂಕಿನ ಮೂಲೆ ಬಿಟ್ಟು.
ಒಗ್ಗರಣೆ ಹಾಕುವಾಗ ನಾನು ಸ್ವಂತ ಮನೆಯಲ್ಲಿರುತ್ತೇನೆ,
ಪಾತ್ರೆ ತೊಳೆಯುವಾಗ ಬ್ಯಾಂಕಿನಲ್ಲಿ.

ಬದಲಾಗದ ಕಂತಿನ ಗುಟ್ಟೂ ಸಿಕ್ಕಿತು.
ಒಂಬತ್ತು ಹತ್ತೂವರೆಯಾಗಿದೆ;
ಕಂತು ದಪ್ಪವಾಗಿಲ್ಲ, ಸಾಲು ಉದ್ದವಾಗಿದೆ,
ನಲವತ್ತೆಂಟು ತಿಂಗಳು, ಸದ್ದಿಲ್ಲದೆ,
ನಮ್ಮವರ ಐವತ್ತೆಂಟರ ಆಚೆಗೆ.
ಬೋಟಿನ ಇಂಜಿನ್ನಿನ ಪಕ್ಕ ಊರಿ ಊರಿ ಸವೆದ ಆ ಮಂಡಿಗಳಿಗೆ
ಯಾರೂ ಮೆಸೇಜು ಕಳಿಸಿಲ್ಲ.

ಹಾಳೆಯಲ್ಲಿ ಇಲ್ಲದ ಕಾಲಂ ಒಂದಿದೆ.
ಮಾಲೀಕನ ಮಗ ಎಲ್ಲರೆದುರು ರಿಜಿಸ್ಟರು ಎಸೆದ ದಿನ
"ಬಿಡ್ತೇನೆ" ಅನ್ನುವ ಮಾತು ಹಲ್ಲಿನ ತನಕ ಬಂದಿತ್ತು.
ಅಂದು ಮೂರನೇ ತಾರೀಖು. ಐದಕ್ಕೆ ಕಂತು.
ಬಗ್ಗಿ ಎತ್ತಿಕೊಂಡೆ.
ಆ ಬಗ್ಗಿದ್ದನ್ನು ಬಡ್ಡಿಗೆ ಹಾಕಲೋ, ಅಸಲಿಗೋ?
ಜೂನ್, ಜುಲೈ ಬೋಟುಗಳೆಲ್ಲ ದಡದಲ್ಲಿ, ಪ್ಲಾಂಟಿನಲ್ಲಿ ಅರ್ಧ ಸಂಬಳ;
ಸಮುದ್ರಕ್ಕೂ ಎರಡು ತಿಂಗಳು ರಜೆ ಇದೆ,
ಐದನೇ ತಾರೀಖಿಗಿಲ್ಲ.

ಹಾಗೆಂದು ಮೋಸ ಅನ್ನಲಾರೆ. ನಂದನಗದ್ದೆಯ ಬಾಡಿಗೆ ಕೋಣೆಯಲ್ಲಿ
ಹನ್ನೊಂದು ವರ್ಷ ಕರಗಿದ್ದಕ್ಕೆ ಏನೂ ಗಿಟ್ಟಲಿಲ್ಲ.
ಗೋಡೆಗೆ ಮೊಳೆ ಹೊಡೆಯಲೂ ಕೇಳಬೇಕಿತ್ತು.

ನಿನ್ನೆ ಭಿಶಿ ಎತ್ತಿದ ಹನ್ನೆರಡು ಸಾವಿರ ಹಿಡಿದು ಬ್ಯಾಂಕಿಗೆ ಹೋದೆ.
"ಈ ತಿಂಗಳದ್ದು ಹೋಗಿದೆಯಲ್ಲ ಮೇಡಂ?"
ಚೀಟಿಯ ಮೇಲೆ ದಪ್ಪಕ್ಷರದಲ್ಲಿ ಬರೆದೆ: ಅಸಲಿಗೆ.
ಕೌಂಟರಿನ ಹುಡುಗ ಓದಿ, ಮುಂದಿನ ಮಾತಿಗೆ ಕಾದ.
"ಅಸಲಿಗೆ... ಏನು?"
"ಅಷ್ಟೇ" ಅಂದೆ.

ಹನ್ನೆರಡು ಸಾವಿರಕ್ಕೆ ನಾಲ್ಕು ಚದರಡಿ.
ರಾತ್ರಿ ಸಿಂಕಿನ ಮುಂದೆ ನಿಂತು
ಎಲ್ಲ ಪಾತ್ರೆ ತೊಳೆದೆ,
ತೊಳೆದದ್ದನ್ನೂ ಇನ್ನೊಮ್ಮೆ.