ಬಿಡಿ

ಶಾಲೆಯ ಹಿಂದಿನ ಗೇಟಿಗೂ ನನ್ನ ಅಂಗಡಿಗೂ
ಇಪ್ಪತ್ತೊಂದು ಹೆಜ್ಜೆ. ಸಮುದ್ರಕ್ಕೆ
ಅದಕ್ಕಿಂತ ತುಸು ಹೆಚ್ಚು.
ಸೆಮರಾಂಗಿನ ಈ ಮಗ್ಗುಲಲ್ಲಿ ಉಬ್ಬರದ ದಿನ
ಉಪ್ಪುನೀರು ಮೋರಿಯಿಂದೆದ್ದು
ಹೇಳದೆ ಕೇಳದೆ ಒಳಗೆ ಬರುತ್ತದೆ.
ಹಾಗಾಗಿ ಸಾಮಾನೆಲ್ಲ ಮೇಲಿನ ಹಲಗೆಯಲ್ಲಿ:
ಕರಿದ ತೆಂಪೆ, ಶಾಂಪೂ ಚೀಟು, ಐಸ್ ಟೀ,
ಗಾಜಿನ ಲೋಟದಲ್ಲಿ ನೆಟ್ಟಗೆ ನಿಂತ
ಲವಂಗದ ಸಿಗರೇಟು. ಬಿಡಿ.
ಒಂದಕ್ಕೆ ಎರಡು ಸಾವಿರ ರುಪಿಯಾ.

ಒಬ್ಬನೇ ಬಂದ ಹುಡುಗ ತೆಂಪೆ ಕೊಳ್ಳುತ್ತಾನೆ.
ಇಬ್ಬರು ಬಂದರೂ ತೆಂಪೆಯೇ, ಆದರೆ ಲೋಟ ನೋಡುತ್ತಾರೆ.
ಮೂವರು ಬಂದರೆ
ಅವರು ಬಾಯಿ ತೆರೆಯುವ ಮೊದಲೇ
ನನ್ನ ಕೈ ಲೋಟದಲ್ಲಿರುತ್ತದೆ.
ಹದಿನೆಂಟು ವರ್ಷದ ಲೆಕ್ಕ ಇದು,
ಯಾವ ಪುಸ್ತಕದಲ್ಲೂ ಬರೆದಿಟ್ಟಿಲ್ಲ.

ವರ್ಷಕ್ಕೊಮ್ಮೆ ಬಿಳಿ ಕೋಟಿನವರು ಬರುತ್ತಾರೆ.
ಕರಕಲಾದ ಶ್ವಾಸಕೋಶದ ಚಿತ್ರ,
ಆಮೇಲೊಂದು ಕಾಗದ: ಇದು ಕೆಟ್ಟದ್ದೆಂದು ಗೊತ್ತೇ?
ಎಲ್ಲರೂ ಗೊತ್ತು ಅಂತಲೇ ಗೀಚುತ್ತಾರೆ.
ಗೊತ್ತಿಲ್ಲದ್ದು ಏನಿದೆ?
ನಾನು ಹೊಸ ಪ್ಯಾಕು ಒಡೆಯುವಾಗ, ಅದರ ಮೇಲೆ
ಗಂಟಲಲ್ಲಿ ತೂತಿರುವ ಮನುಷ್ಯನನ್ನು ಕಂಡು
ತೆಗುಹ್ ಹೇಳುತ್ತಾನೆ, “ಇವನು ಬೇಡ ಬೂ,
ಹಲ್ಲು ಹೋದವನದ್ದು ಕೊಡಿ.”

ದಮಾರ್‌ನ ಎದೆಯೊಳಗೆ ಮಾತ್ರ ಒಂದು ಬೆಕ್ಕಿದೆ.
ಓಡಿದರೆ ಗುರುಗುಟ್ಟುತ್ತದೆ.
ಚಡ್ಡಿಯ ಜೇಬಿನಲ್ಲಿ ನೀಲಿ ಪಂಪು,
ಪಂಪಿನ ಮೇಲೆ ಯಾವಾಗಲೂ ಒಂದು ಕೈ,
ಮದ್ದು ಮುಚ್ಚಿಡಲೋ, ಅದು ಇದೆಯೆಂದು ನಂಬಲೋ.
ಮೀನು ಒಣಗಿಸುವ ಅವನಮ್ಮ ಸೊಂಟಕ್ಕೆ ಕೈಯಿಟ್ಟು
“ಅವನಿಗೆ ಕೊಟ್ಟೀಯ ಮತ್ತೆ” ಎಂದಿದ್ದಳು.
ಹೂಂ ಎಂದಿದ್ದೆ. ಹೂಂ ಅನ್ನುವುದಕ್ಕೆ ಖರ್ಚಿಲ್ಲ.

ಸೋಮವಾರ ಅವರು ನಾಲ್ವರು.
ತೆಗುಹ್ ತಗೊಂಡ, ಸತ್ರಿಯೊ ತಗೊಂಡ,
ಹೋದ ತಿಂಗಳಷ್ಟೇ ಬಂದು ಸೇರಿದ ಆ ಗಿಡ್ಡನೂ ತಗೊಂಡ.
ಆಮೇಲೆ ಯಾರೂ ಏನೂ ಹೇಳಲಿಲ್ಲ.
ಒತ್ತಾಯ ಅಂತಾರಲ್ಲ, ಹಾಗೇನೂ ಇಲ್ಲ,
ಬರೀ ಸುಮ್ಮನಿದ್ದರು.

ನಾನು ದಮಾರ್‌ನ ಮುಖ ನೋಡಿದೆ.
ಅಲ್ಲಿ ಶ್ವಾಸಕೋಶ ಇರಲಿಲ್ಲ. ಅಮ್ಮ ಇರಲಿಲ್ಲ.
ಐವತ್ತು ದಾಟಿದ ದಮಾರ್ ಅಂತೂ
ಆ ಮುಖದ ಆಸುಪಾಸಿನಲ್ಲೂ ಇರಲಿಲ್ಲ.
ಇದ್ದದ್ದು ಸಂಜೆ ನಾಲ್ಕು ಗಂಟೆ,
ಕೆಸರಿನ ಅಂಗಳ, ಒಂದು ಚೆಂಡು,
ಯಾರು ಯಾರ ಕಡೆ ಎಂದು ಆರಿಸುವಾಗ
ಕೊನೆಗೆ ಉಳಿಯುವುದು ಯಾರು ಅನ್ನುವುದು.

ನಾಣ್ಯ ಇಟ್ಟ. ಕೊಟ್ಟೆ.
ಅವನು ಅದನ್ನು ಬಡಗಿ ಪೆನ್ಸಿಲಿನ ಹಾಗೆ
ಕಿವಿಯ ಮೇಲೆ ಸಿಕ್ಕಿಸಿಕೊಂಡ.
“ಆಟ ಆದಮೇಲೆ” ಎಂದ.
ಆಟ ಆಯಿತು. “ನಾಳೆ” ಎಂದ.

ಮಂಗಳವಾರವೂ ಕಿವಿಯ ಮೇಲಿತ್ತು, ಬುಧವಾರವೂ.
ಯಾರೂ ಕೇಳಲಿಲ್ಲ, ನೋಡಿ!
ಕಿವಿಯ ಮೇಲಿದ್ದರೆ ಸಾಕಂತೆ,
ಬೆಂಕಿಯ ಲೆಕ್ಕ ಯಾರೂ ಇಡುವುದಿಲ್ಲವಂತೆ.
ಬಿಳಿ ಕೋಟಿನವರ ಕಾಗದದಲ್ಲಿ
ಇದಕ್ಕೊಂದು ಚೌಕ ಇದ್ದಿದ್ದರೆ
ಅವನು ಏನು ಗೀಚುತ್ತಿದ್ದನೋ.

ಶುಕ್ರವಾರ ಒಬ್ಬನೇ ಬಂದ.
ಅಭ್ಯಾಸಬಲ, ತೆಂಪೆ ಎತ್ತಿದೆ.
“ಅದಲ್ಲ ಬೂ.”
ಅಂಗೈ ಬಿಚ್ಚಿದ: ಬೆವರಿಗೆ ನೆನೆದ ಕಾಗದ,
ಮುರಿದ ನಡು, ಲವಂಗದ ಪುಡಿ.
“ಇನ್ನೊಂದು.”

ಬಿಡು ಮಗನೇ, ಎನ್ನಬೇಕೆನಿಸಿತು.
ಬಿಡಿ ಮಾರುವವಳ ಬಾಯಲ್ಲಿ
ಬಿಡು ಅನ್ನುವ ಮಾತು ಎಷ್ಟಕ್ಕೆ ಹೋದೀತು?
ಲೋಟವನ್ನು ಬೆಳಕಿಗೆ ಹಿಡಿದು
ಒಂದೊಂದೇ ಒತ್ತಿ ನೋಡಿ
ಗಟ್ಟಿಯಾದದ್ದನ್ನು ಹುಡುಕಿದೆ,
ತಿಂಗಳಾದರೂ ಮುರಿಯದಂಥದ್ದನ್ನು.

ಅಂಗಡಿಯ ಕಂಬಕ್ಕೆ ದಾರ ಕಟ್ಟಿ
ಒಂದು ಲೈಟರು ತೂಗುಬಿಟ್ಟಿದ್ದೇನೆ, ಗಿರಾಕಿಗಳಿಗೆ.
ಅವನು ಹೊರಡುವಾಗ ಅದು ಗಾಳಿಗೆ
ಅವನ ಭುಜಕ್ಕೆ ತಾಗಿತು.
ನಿಂತ.
ನೀರು ಅಷ್ಟರಲ್ಲಿ ಹೊಸ್ತಿಲಿಗೆ ಬಂದಿತ್ತು,
ನಾನು ಅಕ್ಕಿಚೀಲ ಎತ್ತಲು ಬಗ್ಗಿದೆ.